ಕಾಗದದ ಮೇಲೆ ಹೊಡೆದ ತಮಟೆ

ನನ್ನ ಗಂಡ ಕೋರ್ಟಿನಲ್ಲಿ ಗುಮಾಸ್ತರಾಗಿದ್ದರು. ಸೇವೆಯಲ್ಲಿರುವಾಗಲೇ ತೀರಿಕೊಂಡರು. ಅನುಕಂಪದ ಆಧಾರದ ಮೇಲೆ ನನಗೆ ಕೆಲಸ ಕೊಟ್ಟರು. ಕೆಲವು ವರ್ಷ ಸಮನ್ಸು ಹಂಚಿಕೊಂಡಿದ್ದೆ, ಆಮೇಲೆ ಅಮೀನಳನ್ನಾಗಿ ಮಾಡಿದರು. ಸಾಲ ತೀರಿಸದವರ ಮನೆ ಜಪ್ತಿ ಮಾಡುವುದು, ಹರಾಜಿನ ನೋಟೀಸು ಅಂಟಿಸುವುದು, ಹರಾಜು ಕೂಗುವುದು, ಕೊನೆಗೆ ಮನೆಯವರನ್ನು ಹೊರಗೆ ಕಳಿಸಿ ಬೀಗದ ಕೈಯನ್ನು ಕೊಂಡವರಿಗೆ ಒಪ್ಪಿಸುವುದು. ಅನುಕಂಪದಿಂದ ಕೊಡುವುದಕ್ಕೆ ಸರ್ಕಾರಕ್ಕೆ ಬೇರೆ ಕೆಲಸ ಸಿಗಲಿಲ್ಲವೇ ಎಂದು ಮೊದಮೊದಲು ಬಸ್ಸಿನಲ್ಲಿ ಕೂತು ಯೋಚಿಸುತ್ತಿದ್ದೆ. ತಿಂಗಳ ಮೊದಲ ವಾರ ಸಂಬಳ ಬಂದಾಗ ಯೋಚಿಸುವುದನ್ನು ಬಿಡುತ್ತಿದ್ದೆ.

ಹೆಂಗಸೊಬ್ಬಳು ಫೈಲು ಹಿಡಿದು ಬಾಗಿಲಿಗೆ ಬಂದರೆ ಜನ ಆರೋಗ್ಯ ಇಲಾಖೆಯವಳೋ, ಜನಗಣತಿಯವಳೋ ಎಂದುಕೊಂಡು ಒಳಗೆ ಕರೆದು ನೀರು ಕೊಡುತ್ತಾರೆ. ನಾನು ಫೈಲು ಬಿಚ್ಚಿ ಓದಲು ಶುರು ಮಾಡಿದ ಮೇಲೆ ಅವರ ಮುಖ ಬೇರೆಯಾಗುತ್ತದೆ. ಕುಡಿದು ಮುಗಿಸುವ ಮೊದಲೇ ಕೈಯಿಂದ ಲೋಟ ಕಿತ್ತುಕೊಂಡವರೂ ಇದ್ದಾರೆ. ಅವರನ್ನು ನಾನು ಬೈಯುವುದಿಲ್ಲ. ನಾನಾಗಿದ್ದರೆ ನೀರನ್ನೂ ಕೊಡುತ್ತಿರಲಿಲ್ಲ.

ಅಮೀನಳಾಗಿ ನಾನು ಕೆಲಸ ಕಲಿತದ್ದು ಕುಣಿಗಲ್ಲಿನಲ್ಲಿ. ಅಲ್ಲಿ ನಿವೃತ್ತಿಗೆ ಹತ್ತಿರವಾಗಿದ್ದ ಹಿರಿಯ ಅಮೀನರೊಬ್ಬರಿದ್ದರು. ಯಾವುದೇ ಆಸ್ತಿಯನ್ನು ಕೋರ್ಟು ಹರಾಜು ಹಾಕುವ ಮುಂಚೆ ಆ ಆಸ್ತಿಯ ಎದುರಿಗೇ ನಿಂತು, ತಮಟೆ ಹೊಡೆಸಿ, ಇಂಥ ದಿನ ಹರಾಜಿದೆ ಎಂದು ಸಾರಬೇಕು ಎನ್ನುವುದು ಕಾನೂನು. ವಾಟ್ಸಾಪು ಬಂದರೂ ಆ ಕಾನೂನು ಹಾಗೇ ಇದೆ. ಆದರೆ ಆ ಹಿರಿಯರು ತಮಟೆಯವನನ್ನು ಬಸ್‌ಸ್ಟ್ಯಾಂಡಿನ ಪಕ್ಕದ ಟೀ ಅಂಗಡಿಗೆ ಕರೆಸಿಕೊಂಡು, ಬನ್ನು ತಿನ್ನಿಸಿ, ಅಲ್ಲೇ ಬೆಂಚಿನ ಮೇಲೆ ವರದಿ ಬರೆದು, ಅವನಿಂದ ಸಹಿ ಹಾಕಿಸಿ ಕಳಿಸುತ್ತಿದ್ದರು.

"ತಮಟೆನ ಕಾಗದದ ಮೇಲೆ ಹೊಡೀಬೇಕು ಕಣಮ್ಮ," ಎನ್ನುತ್ತಿದ್ದರು ನನಗೆ. "ಬೀದೀಲಿ ಹೊಡ್ಸಿದ್ರೆ ನಿಂಗೂ ಬೈಗುಳ, ಅವ್ರಿಗೂ ಮರ್ವಾದೆ ಹೋಯ್ತದೆ. ಯಾಕ್ ಬೇಕು ಹೇಳು."

ನನಗೆ ಅದು ಹಿಡಿಸುತ್ತಿರಲಿಲ್ಲ. ನಾನು ಹಟಮಾರಿ. ಕುಣಿಗಲ್ಲಿನಲ್ಲಿ ಇದ್ದಷ್ಟು ಕಾಲವೂ ಪ್ರತಿ ಮನೆಯ ಮುಂದೆಯೂ ತಮಟೆ ಹೊಡೆಸಿದ್ದೇನೆ. ಕೆರೆ ಏರಿಯ ಕೆಳಗಿನ ಒಂದು ಹಳ್ಳಿಯಲ್ಲಿ ನನ್ನ ಮೇಲೆ ಸಗಣಿ ನೀರು ಎರಚಿದರು, ಆದರೂ ಹೊಡೆಸಿದೆ. ಕೈಗೆ ಬಂದ ಕೆಲಸವನ್ನು ಸರಿಯಾಗಿ ಮಾಡುತ್ತೇನೆ ಎನ್ನುವ ಒಂದು ಹೆಮ್ಮೆ ನನಗಿತ್ತು. ಆಮೇಲೆ ಗುಬ್ಬಿಗೆ ವರ್ಗವಾಯಿತು. ಮರಳೂರಿನ ಬಾಡಿಗೆ ಮನೆಯಿಂದ ದಿನವೂ ಗುಬ್ಬಿಗೆ ಓಡಾಡಲು ಶುರು ಮಾಡಿದೆ.

ಗುಬ್ಬಿಯಲ್ಲಿ ನನ್ನ ಕೈಗೆ ಬಂದ ಮೊದಮೊದಲ ಹರಾಜುಗಳಲ್ಲಿ ಒಂದು ಗಿರಣಿ ಮನೆಯದು. ಮುಂದಿನ ಕೋಣೆಯಲ್ಲಿ ಹಿಟ್ಟಿನ ಗಿರಣಿ, ಹಿಂದೆ ಎರಡು ಕೋಣೆಯ ಮನೆ. ಗಿರಣಿ ನಡೆಸುತ್ತಿದ್ದವಳು ನನಗಿಂತ ಎರಡು ಮೂರು ವರ್ಷಕ್ಕೆ ಚಿಕ್ಕವಳಿರಬೇಕು, ನನ್ನಂತೆಯೇ ಗಂಡ ಸತ್ತವಳು. ಅವಳ ಗಂಡ ಬದುಕಿದ್ದಾಗ ಸ್ನೇಹಿತನೊಬ್ಬನ ಚೀಟಿಗೆ ಜಾಮೀನು ಹಾಕಿದ್ದ. ಸ್ನೇಹಿತ ಚೀಟಿ ಎತ್ತಿಕೊಂಡು, ಕಂತು ಕಟ್ಟದೆ, ಊರೇ ಬಿಟ್ಟ. ಗಂಡ ಸತ್ತ. ಜಾಮೀನಿನ ಸಹಿ ಮಾತ್ರ ಉಳಿಯಿತು. ಚೀಟಿ ಕಂಪನಿಯವರು ಕೇಸು ಹಾಕಿದರು, ಡಿಕ್ರಿಯಾಯಿತು, ಮನೆ ಜಪ್ತಿಯಾಯಿತು. ಇವಳ ವಕೀಲರು ಇನ್ನೊಂದು ವಾಯಿದೆ, ಇನ್ನೊಂದು ವಾಯಿದೆ ಎನ್ನುತ್ತಾ ವರ್ಷಗಳನ್ನು ದೂಡಿದರು. ಮನೆಗೆ ಕಂಪನಿಯವರು ಕಟ್ಟಿದ ಬೆಲೆಗೆ ತಕರಾರು ಹಾಕಬೇಕಾದ ದಿನ ಆ ಮಹಾಶಯರು ಕೋರ್ಟಿಗೇ ಬರಲಿಲ್ಲ.

ಹರಾಜು ಸಾರುವ ದಿನ ನಾನು ತಮಟೆಯವರನ್ನು ಕರೆದುಕೊಂಡು ಹೋದೆ. ಅರವತ್ತು ದಾಟಿದ ಮನುಷ್ಯ, ಮಾತು ಕಡಿಮೆ. ಗಿರಣಿ ಓಡುತ್ತಿತ್ತು. ರಾಗಿ ಡಬ್ಬ ಇಟ್ಟುಕೊಂಡು ನಾಲ್ಕೈದು ಹೆಂಗಸರು ಕಾಯುತ್ತಿದ್ದರು. ಅವಳು ನನ್ನನ್ನು ನೋಡಲಿಲ್ಲ, ನನ್ನ ಹಿಂದೆ ನಿಂತವರ ಕಂಕುಳಿನ ತಮಟೆಯನ್ನು ನೋಡಿದಳು. ತಕ್ಷಣ ಬೆಲ್ಟು ನಿಲ್ಲಿಸಿ, "ಒಂದ್ ಗಂಟೆ ಬಿಟ್ಟು ಬನ್ರಮ್ಮ, ಕರೆಂಟ್ ಪ್ರಾಬ್ಲಮ್ಮು," ಎಂದು ಆ ಹೆಂಗಸರನ್ನು ಕಳಿಸಿದಳು. ನನ್ನ ಮುಂಗೈ ಹಿಡಿದು ಒಳಗೆ ಕರೆದುಕೊಂಡು ಹೋದಳು. ಅವಳ ಕೈ ತುಂಬಾ ಹಿಟ್ಟು.

"ಅಕ್ಕ, ನಾಳಿದ್ದು ಹಾಗಲವಾಡಿಯಿಂದ ಹುಡುಗನ ಕಡೆಯೋರು ಬತ್ತಾವ್ರೆ. ಮಗಳ್ನ ಒಪ್ಕೊಂಡವ್ರೆ, ಮಾತು ಮುಗಿಸ್ಕೊಂಡು ಹೋಗಕ್ಕೆ ಬತ್ತಾ ಇರೋದು," ಎಂದಳು. "ನೋಟೀಸು ಬೇಕಾರೆ ಅಂಟ್ಸಿ. ಹಿಂದ್ಗಡೆ ಬಾಗ್ಲಿಗೆ ಅಂಟ್ಸಿ. ತಮಟೆ ಒಂದು ಮಾತ್ರ ಬ್ಯಾಡಕ್ಕ. ನಿಮ್ ಕಾಲಿಗ್ ಬೀಳ್ತೀನಿ."

"ನಿಮ್ಮನೆ ವಿಷ್ಯ ಅವ್ರಿಗೆ ಹೇಳಿಲ್ವಾ?"

"ಹೆಂಗ್ ಹೇಳಲಿ? ಮದ್ವೆ ಆಗ್ಲಿ, ಆಮೇಲೆ ಹೆಂಗೋ ಒದ್ದಾಡಿ ಕಟ್ತೀನಿ. ಲಾಯರು ಇನ್ನೊಂದು ವಾಯ್ದೆ ತಗೊಡ್ತೀನಿ ಅಂದವ್ರೆ."

ನಮ್ಮ ಕಡೆ ಹಬ್ಬವಲ್ಲದ ದಿನ ಒಂದು ಮನೆಯ ಮುಂದೆ ತಮಟೆ ಬಡಿದರೆ ಒಂದೋ ಹೆಣ ಎದ್ದಿದೆ, ಇಲ್ಲ ಕೋರ್ಟು ಬಂದಿದೆ ಎಂದರ್ಥ. ಬೀದಿಯ ಜನವೆಲ್ಲ ಬಾಗಿಲಿಗೆ ಬರುತ್ತಾರೆ. ನನ್ನ ಗಂಡನನ್ನು ಎತ್ತಿದ ದಿನ ಆ ಸದ್ದು ನನ್ನ ಎದೆಗೇ ಬಡಿದಂತೆ ಆಗಿತ್ತು. ಬಾಗಿಲ ಸಂದಿಯಲ್ಲಿ ಅವಳ ಮಗಳು ನಿಂತಿದ್ದಳು, ಹೊಸದಾಗಿ ಹೊಲಿಸಿದ ರವಿಕೆಯ ಕೊಕ್ಕೆ ಹಾಕುತ್ತಾ. ನನ್ನ ಮನಸ್ಸು ಕರಗಿತು. ಕರಗಿತು ಎಂದಷ್ಟೇ ಹೇಳಿದರೆ ಅರ್ಧ ಸತ್ಯ. ಒಬ್ಬಳ ಮಾನ ಉಳಿಸುವ ಅಧಿಕಾರ ನನ್ನ ಕೈಯಲ್ಲಿದೆ ಎನ್ನುವುದು ನನಗೆ ಹಿತವಾಗಿತ್ತು. ಜೀವಮಾನದಲ್ಲಿ ಅಂಥ ಅಧಿಕಾರ ನನಗೆ ಸಿಕ್ಕಿರಲಿಲ್ಲ.

ಹೊರಗೆ ಬಂದು ತಮಟೆಯವರಿಗೆ, "ನಡೀರಿ ಯಜಮಾನ್ರೇ, ಟೀ ಕುಡಿಯೋಣ," ಎಂದೆ. ನೋಟೀಸನ್ನು ಹಿತ್ತಲ ಬಾಗಿಲಿಗೆ, ಸೌದೆ ಒಟ್ಟಿದ್ದರ ಹಿಂದೆ ಅಂಟಿಸಿದ್ದಾಗಿತ್ತು. ಟೀ ಅಂಗಡಿಯ ಬೆಂಚಿನ ಮೇಲೆ ಕೂತು, ಸದರಿ ಸ್ವತ್ತಿನ ಎದುರು ತಮಟೆ ಹೊಡೆಸಿ ಸಾರ್ವಜನಿಕರಿಗೆ ತಿಳಿಯುವಂತೆ ಸಾರಲಾಯಿತು ಎಂದು ಮುದ್ದಾದ ಅಕ್ಷರದಲ್ಲಿ ಬರೆದೆ. ತಮಟೆಯವರು ಸಹಿ ಹಾಕಿದರು. ಅವರ ಬಾಬ್ತು ಕೊಟ್ಟಾಗ ನೋಟನ್ನು ಸ್ವಲ್ಪ ಹೊತ್ತು ಕೈಯಲ್ಲೇ ಹಿಡಿದುಕೊಂಡಿದ್ದರು.

"ಹೊಡೀದೆ ಇದ್ದಿದ್ದಕ್ಕೆ ದುಡ್ ಇಸ್ಕೊತಾ ಇರೋದು ಇದೇ ಮೊದ್ಲು ಕಣವ್ವ," ಎಂದರು.

"ಪುಣ್ಯದ ಕೆಲ್ಸ ಅಂದ್ಕೊಳಿ," ಎಂದೆ ನಾನು. ಆ ಮಾತು ನೆನಪಾದರೆ ಈಗಲೂ ನನ್ನ ಕೆನ್ನೆಗೆ ನಾನೇ ಹೊಡೆದುಕೊಳ್ಳೋಣ ಅನ್ನಿಸುತ್ತದೆ. ಅವತ್ತು ಸಂಜೆ ಬಸ್ಸಿನಲ್ಲಿ ನಿಂತೇ ಬಂದೆ, ಕಾಲು ನೋಯಲೇ ಇಲ್ಲ.

ಹರಾಜಿನ ದಿನದ ವಿಷಯ ಹೇಳುವ ಮುಂಚೆ ಒಂದು ಮಾತು ತಿಳಿಸಬೇಕು. ಅವಳು ಕಟ್ಟಬೇಕಾಗಿದ್ದ ಸಾಲ ಆ ಮನೆಯ ನಿಜವಾದ ಬೆಲೆಯ ಅರ್ಧದಷ್ಟೂ ಇರಲಿಲ್ಲ. ಹರಾಜಿನಲ್ಲಿ ಕೂಗುವವರು ಹೆಚ್ಚಾದರೆ ಬೆಲೆ ಏರುತ್ತದೆ. ಸಾಲ ಕಳೆದು ಮಿಕ್ಕಿದ್ದು ಮನೆಯವರಿಗೇ ಬರುತ್ತದೆ. ಆ ಮಿಕ್ಕಿದ್ದರಲ್ಲಿ ಅವಳು ಊರಾಚೆ ಒಂದು ಸಣ್ಣ ಮನೆ ಮಾಡಿಕೊಂಡು ಗಿರಣಿ ಇಟ್ಟುಕೊಳ್ಳಬಹುದಿತ್ತು. ಕಾನೂನು ತಮಟೆ ಹೊಡೆಸು ಎನ್ನುವುದು ಯಾರನ್ನೋ ಅವಮಾನ ಮಾಡಲಿಕ್ಕಲ್ಲ, ಕೊಳ್ಳುವವರನ್ನು ಕರೆಯಲಿಕ್ಕೆ. ಇದನ್ನು ನಾನು ಓದಿದ್ದೆ. ಓದಿಯೂ ನನ್ನ ತಲೆಗೆ ಇಳಿದಿರಲಿಲ್ಲ.

ಕೋರ್ಟಿನ ಜಗಲಿಯಲ್ಲಿ ಹರಾಜು. ಚಕ್ಕುಬಂದಿ ಓದಿದೆ: ಪೂರ್ವಕ್ಕೆ ರಸ್ತೆ, ಪಶ್ಚಿಮಕ್ಕೆ ಗಲ್ಲಿ, ಹೀಗೆ ನಾಲ್ಕೂ ದಿಕ್ಕಿಗೆ ಏನೇನಿದೆ ಎಂದು. ಎದುರಿಗೆ ನಿಂತಿದ್ದವರು ಇಬ್ಬರೇ. ಕೂಗಲು ಕೋರ್ಟಿನ ಅನುಮತಿ ಪಡೆದು ಬಂದಿದ್ದ ಚೀಟಿ ಕಂಪನಿಯ ಮನುಷ್ಯ ಒಬ್ಬ, ಅವನದೇ ಬೈಕಿನ ಹಿಂದೆ ಕೂತು ಬಂದವನು ಇನ್ನೊಬ್ಬ. ಅವನೊಂದು ಸಾವಿರ ಏರಿಸಿದರೆ ಇವನೊಂದು ಸಾವಿರ. ಸಾಲವೂ ಖರ್ಚೂ ಸರಿಹೋಗುವ ಹತ್ತಿರಕ್ಕೆ ಬಂದು ನಿಂತುಬಿಟ್ಟರು. ನಾನು ಒಂದನೇ ಸಾರಿ ಕೂಗಿ, ರಸ್ತೆಯ ಕಡೆ ನೋಡಿದೆ. ನೀರು ಕುಡಿದೆ. ಕನ್ನಡಕ ಒರೆಸಿದೆ. ಎರಡನೇ ಸಾರಿ ಕೂಗಿ ಮತ್ತೆ ರಸ್ತೆಯ ಕಡೆ ನೋಡಿದೆ. ಗೇಟಿನ ಹತ್ತಿರ ಒಬ್ಬ ಸೌತೆಕಾಯಿ ಮಾರುತ್ತಿದ್ದ, ಅಷ್ಟೇ.

"ಏನ್ ಮೇಡಂ, ಮುಹೂರ್ತ ನೋಡ್ತಿದೀರಾ?" ಎಂದ ಕಂಪನಿಯವನು.

ಮೂರನೇ ಸಾರಿಯೂ ಕೂಗಿದೆ.

ಆಮೇಲೆ ಒಂದು ವಾರವೂ ಆಗಿರಲಿಲ್ಲ. ಗಿರಣಿಯ ಹಿಂದಿನ ಬೀದಿಯಲ್ಲಿ ಕೊಬ್ಬರಿ ವ್ಯಾಪಾರ ಮಾಡುವ ಒಬ್ಬರು ನನ್ನನ್ನು ರಸ್ತೆಯಲ್ಲೇ ತಡೆದರು. ಅವರ ಗೋಡೌನಿಗೂ ಗಿರಣಿ ಮನೆಯ ಹಿತ್ತಿಲಿಗೂ ನಡುವೆ ಒಂದು ಗಲ್ಲಿ ಮಾತ್ರ.

"ಏನ್ ಮೇಡಂ, ಗಿರಣಿ ಮನೆ ಹರಾಜು ಆಗೋಯ್ತಂತೆ? ನಾನು ಮೂರು ವರ್ಷದಿಂದ ಆ ಜಾಗ ಕೇಳ್ತಾವ್ನಿ, ಆವಮ್ಮ ಕೊಡಕಿಲ್ಲ ಅಂತಿತ್ತು. ಈಗ ಕೂಗಿರೋದರ ಎರಡರಷ್ಟು ಕೊಡ್ತಿದ್ದೆ. ತಮಟೆ ಸದ್ದು ಒಂಚೂರು ಕಿವಿಗೆ ಬಿದ್ದಿದ್ರೆ ತಕ್ಕಡಿ ಬಿಟ್ಟು ಓಡ್ ಬತ್ತಿದ್ದೆ."

"ಹೊಡೆಸಿದ್ವಲ್ಲ," ಎಂದೆ. ನನ್ನ ಬಾಯಿಂದ ಅದು ಎಷ್ಟು ಸಲೀಸಾಗಿ ಬಂತು ಎಂದರೆ ನನಗೇ ಗಾಬರಿಯಾಯಿತು.

ಅವರು ನನ್ನ ಮುಖವನ್ನೇ ನೋಡಿ, "ಇಡೀ ದಿನ ಅಂಗ್ಡೀಲೇ ಕೂತಿರ್ತೀನಿ ಮೇಡಂ ನಾನು," ಎಂದು ಹೋದರು.

ಅವರು ಆ ಮಾತನ್ನು ಗಿರಣಿಯವಳಿಗೂ ಹೇಳಿದರು. ಅವಳಿಗೆ ಹೊಸ ವಕೀಲರನ್ನೂ ತೋರಿಸಿದರು. ಸರಿಯಾಗಿ ಸಾರಿಲ್ಲ, ಅದರಿಂದ ಮನೆ ಮೂರು ಕಾಸಿಗೆ ಹೋಗಿದೆ, ಹರಾಜು ರದ್ದು ಮಾಡಿ ಎಂದು ಅರ್ಜಿ ಬಿತ್ತು. ಅದು ಸಾಬೀತಾದರೆ ಹರಾಜು ರದ್ದಾಗಿ ಮತ್ತೊಂದು ಹರಾಜು ನಡೆಯುತ್ತದೆ. ಕೊಬ್ಬರಿಯವರು ಬಂದು ಕೂಗುತ್ತಾರೆ. ಅವಳಿಗೆ ಇನ್ನೊಂದು ಸೂರು ಸಿಗುತ್ತದೆ. ಸಾಬೀತಾಗುವುದಕ್ಕೆ ಬೇಕಾಗಿದ್ದದ್ದು ನನ್ನ ಬಾಯಿಂದ ಒಂದು ವಾಕ್ಯ. ನನಗೆ ಸಾಕ್ಷಿ ಸಮನ್ಸು ಬಂತು.

ನಮ್ಮ ಕಚೇರಿಯ ಮೇಲಧಿಕಾರಿ ಶಿರಸ್ತೇದಾರರು ನನ್ನನ್ನು ಕರೆದು ಫೈಲು ತೋರಿಸಿದರು. ಕೆಟ್ಟ ಮನುಷ್ಯರೇನಲ್ಲ, ನನ್ನ ಗಂಡನ ಸ್ನೇಹಿತರು.

"ನೋಡಮ್ಮ, ನಿನ್ನ ಅಕ್ಷರ, ನಿನ್ನ ಸಹಿ. ಇದು ಸುಳ್ಳು ಅಂತ ನೀನೇ ಕಟಕಟೇಲಿ ಹೇಳಿದ್ರೆ ಸಾಯಂಕಾಲಕ್ಕೆ ಸಸ್ಪೆನ್ಷನ್ ಆರ್ಡರು. ಆಮೇಲೆ ಎನ್‌ಕ್ವೈರಿ. ಕೆಲ್ಸ ಉಳಿಯತ್ತೆ ಅಂತ ನಾನಂತೂ ಹೇಳಲ್ಲ. ಅನುಕಂಪ ಅನ್ನೋದು ಎರಡ್ ಸಲ ಸಿಗಲ್ಲ."

"ಆವಮ್ಮನೇ ಬೇಡ್ಕೊಂಡ್ಳು ಸಾರ್."

"ಬೇಡ್ಕೊಂಡ್ರೆ? ನಿನ್ನ ಯಾರು ಕರುಣಾಮಯಿ ಆಗು ಅಂದಿದ್ದು?"

ತಮಟೆಯವರನ್ನು ಅವರ ಮನೆಗೇ ಹೋಗಿ ಕಂಡೆ. ಅವರಿಗೂ ಸಮನ್ಸು ಬಂದಿತ್ತು. "ನೀವೇನಂತೀರೋ ನಾನೂ ಅದೇ ಅಂತೀನಿ ಬುಡವ್ವ," ಎಂದರು. ಹಾಗೆನ್ನುವಾಗ ನನ್ನ ಕಡೆ ನೋಡಲಿಲ್ಲ. ಅಷ್ಟು ವಯಸ್ಸಾದವರನ್ನು ಸುಳ್ಳಿಗೆ ಜೊತೆ ಮಾಡಿಕೊಂಡೆನಲ್ಲ ಎಂದು ಹೇಸಿಗೆಯಾಯಿತು. ಹೇಸಿಗೆಯಾದರೂ, ಅವರು ಒಪ್ಪಿದರಲ್ಲ ಎಂದು ಸಮಾಧಾನವೂ ಆಯಿತು.

ವಿಚಾರಣೆಯ ದಿನ ಮೊದಲು ಅವಳ ಸಾಕ್ಷಿ. ತಾನೇ ತಮಟೆ ಬೇಡವೆಂದು ಕೇಳಿಕೊಂಡೆ ಎಂದರೆ ಅರ್ಜಿ ಅಲ್ಲಿಗೇ ಬಿದ್ದುಹೋಗುತ್ತದೆ ಎಂದು ವಕೀಲರು ಅವಳಿಗೆ ಹೇಳಿಕೊಟ್ಟಿದ್ದಿರಬೇಕು. ತಮಟೆ ಹೊಡೆಯಲಿಲ್ಲ ಎಂದಷ್ಟೇ ಹೇಳಿದಳು. ಕಂಪನಿಯ ವಕೀಲರು ಪಾಟೀ ಸವಾಲಿಗೆ ಎದ್ದರು.

"ನಿಮ್ಮ ಗಿರಣಿ ಓಡ್ತಾ ಇತ್ತು. ಆ ಸದ್ದಿನಲ್ಲಿ ತಮಟೆ ನಿಮಗೆ ಕೇಳಿಸಿಲ್ಲ. ಅಲ್ವಾ?"

"ಗಿರಣಿ ಓಡೋವಾಗ ಗಿರಾಕಿ ಕೈಯಿಂದ ಒಂದ್ರುಪಾಯಿ ಬಿದ್ರೂ ನಂಗ್ ಕೇಳ್ತದೆ ಸ್ವಾಮಿ. ತಮಟೆ ಕೇಳಕಿಲ್ವಾ?"

ಕೋರ್ಟಿನಲ್ಲಿ ಇಬ್ಬರು ಮೂವರು ನಕ್ಕರು. ಅವಳು ಕಟಕಟೆಯಿಂದ ಇಳಿಯುವಾಗ ಬೆಂಚಿನಲ್ಲಿ ಕೂತಿದ್ದ ನನ್ನನ್ನು ನೋಡಿದಳು. ಬೇಡುವ ನೋಟವಲ್ಲ. ನಂಬಿಕೆಯ ನೋಟ. ನನ್ನ ಕೆಲಸ ಮುಗೀತು, ಇನ್ನು ನಿಮ್ಮದು ಅಕ್ಕ, ಎನ್ನುವ ಹಾಗೆ.

ನಾನು ಹತ್ತಿದೆ. ಸತ್ಯವನ್ನೇ ಹೇಳುತ್ತೇನೆ ಎಂದು ದೇವರ ಮೇಲೆ ಪ್ರಮಾಣ ಮಾಡಿದೆ. ಇದೇ ಪ್ರಮಾಣವನ್ನು ಸಾವಿರ ಜನ ಮಾಡುವುದನ್ನು ಬಾಗಿಲ ಪಕ್ಕ ನಿಂತು ಕೇಳಿದ್ದೇನೆ. ನನ್ನ ಬಾಯಲ್ಲಿ ಅದು ಎಷ್ಟೊಂದು ಉದ್ದವಿದೆ ಅನ್ನಿಸಿತು.

"ತಮಟೆ ಹೊಡೆಸಿದ್ರಾ?" ಎಂದು ಅವಳ ವಕೀಲರು ಕೇಳಿದರು.

"ಹೊಡೆಸಿದೆ."

"ಎಷ್ಟು ಹೊತ್ತು?"

"ಹತ್ತು ನಿಮಿಷ. ಮನೆ ಮುಂದೆ, ಆಮೇಲೆ ಬೀದಿಯ ಎರಡೂ ತುದೀಲಿ."

ಬೀದಿಯ ತುದಿಗಳ ವಿಷಯ ಯಾರೂ ಕೇಳಿರಲಿಲ್ಲ. ನಾನೇ ಸೇರಿಸಿದೆ. ಕೈಗೆ ಬಂದ ಕೆಲಸವನ್ನು ಸರಿಯಾಗಿ ಮಾಡುವವಳಲ್ಲವೇ ನಾನು, ಸುಳ್ಳನ್ನೂ ಸರಿಯಾಗಿಯೇ ಹೇಳಿದೆ. ನನ್ನ ನಂತರ ಹತ್ತಿದ ತಮಟೆಯವರು "ಅವ್ವಾರು ಹೇಳಿದ್ದೇ ಸರಿ" ಎಂದು ಮೂರು ಸಲ ಅದೇ ಮಾತು ಹೇಳಿ ಇಳಿದರು. ಕೊಬ್ಬರಿಯವರ ಮಾತನ್ನು, ಮನೆ ಕೊಳ್ಳುವ ಆಸೆಯಿದ್ದವರ ಮಾತು ಎಂದು ಜಡ್ಜ್ ಸಾಹೇಬರು ಪಕ್ಕಕ್ಕಿಟ್ಟರು.

ಅರ್ಜಿ ವಜಾ ಆಯಿತು. ಆದೇಶದ ಪ್ರತಿಯನ್ನು ಫೈಲಿಗೆ ಸೇರಿಸುವಾಗ ಓದಿದೆ. ಅಮೀನರು ಸರ್ಕಾರಿ ನೌಕರರು, ಅವರಿಗೆ ಸುಳ್ಳು ಹೇಳಲು ಯಾವ ಕಾರಣವೂ ಕಂಡುಬರುವುದಿಲ್ಲ ಎಂದಿತ್ತು. ಸಾಹೇಬರ ಮೇಲೆ ನನಗೆ ಸಿಟ್ಟು ಬಂತು. ಇಷ್ಟು ಓದಿದವರಿಗೆ ಒಬ್ಬ ಹೆಂಗಸಿನ ಮುಖ ನೋಡಿದರೆ ಗೊತ್ತಾಗುವುದಿಲ್ಲವೇ ಎಂದು. ಸಿಟ್ಟು ಬರಬೇಕಾದದ್ದು ಯಾರ ಮೇಲೆ ಎನ್ನುವುದು ನನಗೆ ಗೊತ್ತಿತ್ತು, ಆದರೂ ಒಂದೆರಡು ದಿನ ಸಾಹೇಬರನ್ನೇ ಬೈದುಕೊಂಡು ಓಡಾಡಿದೆ.

ಕೆಲವು ತಿಂಗಳಾದ ಮೇಲೆ ಸ್ವಾಧೀನದ ವಾರೆಂಟು ಬಂತು. ಮನೆ ಖಾಲಿ ಮಾಡಿಸಿ ಕಂಪನಿಯವರಿಗೆ ಒಪ್ಪಿಸಬೇಕು. ಬೇರೆ ಯಾರನ್ನಾದರೂ ಕಳಿಸಿ ಸಾರ್ ಎಂದು ಶಿರಸ್ತೇದಾರರನ್ನು ಕೇಳಿದೆ. ಇಡೀ ಕೋರ್ಟಿಗೆ ಇರೋಳು ನೀನೊಬ್ಳೇ ಎಂದರು. ಹೋದೆ.

ಅಷ್ಟರಲ್ಲಿ ಮಗಳ ಮದುವೆ ದೇವರಾಯನದುರ್ಗದಲ್ಲಿ ಸರಳವಾಗಿ ಆಗಿತ್ತು. ಗಿರಣಿಯ ಕಲ್ಲು, ಮೋಟರು ಸಾಗಿಸಲು ಅಳಿಯನೇ ಹಾಗಲವಾಡಿಯಿಂದ ಗೂಡ್ಸ್ ಆಟೋ ತಂದಿದ್ದ. ಇಟ್ಟುಕೊಳ್ಳಲು ಜಾಗ ಇಲ್ಲದ್ದರಿಂದ ಆ ಕಲ್ಲು, ಮೋಟರನ್ನು ತುಮಕೂರಿನ ಒಬ್ಬ ಹಳೇ ಸಾಮಾನಿನವನಿಗೆ ಮಾರಿದ್ದರು. ಹುಡುಗ ಒಳ್ಳೆಯವನು. ಬೆವರು ಒರೆಸಿಕೊಳ್ಳುತ್ತಾ ಅತ್ತೆಯ ಕಡೆ ತಿರುಗಿ ಹೇಳಿದ:

"ನೀವ್ ಸುಮ್ನೆ ಮುಚ್ಚಿಟ್ರಿ ಅತ್ತೆ. ಕೇಸ್ ಇರೋದು ನಮ್ಮಪ್ಪಂಗೆ ಮೊದ್ಲೇ ಗೊತ್ತಿತ್ತು. ಹೆಣ್ಣು ನೋಡಕ್ಕೆ ಬರೋಕ್ ಮುಂಚೇನೇ ವಿಚಾರ್ಸಿದ್ರು. ಮನೆ ಕಟ್ಕೊಂಡ್ ನಮಗೇನು, ಹುಡ್ಗಿ ಚೆನ್ನಾಗವ್ಳೆ ಅಂದ್ರು. ಹೇಳಿದ್ರೆ ನಿಮಗೆ ಬೇಜಾರಾಯ್ತದೆ ಅಂತ ನಾವೂ ಸುಮ್ನಿದ್ವಿ."

ಬಾಗಿಲ ಚಿಲಕ ಹಿಡಿದು ನಿಂತಿದ್ದವಳು ಹಾಗೇ ನಿಂತಳು. ಯಾರಿಗೆ ಗೊತ್ತಾಗಬಾರದು ಎಂದು ನಾವಿಬ್ಬರೂ ಒದ್ದಾಡಿದೆವೋ ಅವರಿಗೆ ಗೊತ್ತಿತ್ತು. ಗೊತ್ತಾಗಬೇಕಾದವರಿಗೆ ಗೊತ್ತಾಗಲಿಲ್ಲ.

ಅಳಿಯ ಆಟೋದ ಹಗ್ಗ ಬಿಗಿಯಲು ಹೋದಾಗ ಅವಳು ನನ್ನ ಹತ್ತಿರ ಬಂದಳು. ಬೀಗದ ಕೈ ನನ್ನ ಅಂಗೈಯಲ್ಲಿಟ್ಟಳು. ನಾನು, "ನಿಮ್ಗೋಸ್ಕರಾನೇ ಅವತ್ತು..." ಎಂದು ಶುರು ಮಾಡಿದೆ.

"ಗೊತ್ತಕ್ಕ," ಎಂದಳು. ಧ್ವನಿ ಏರಿಸಲಿಲ್ಲ. "ಅವತ್ತಿನ ಸುಳ್ಳು ನಾನೇ ಕೇಳಿದ್ದು. ಅದು ನಿಮ್ ತಪ್ಪು ಅನ್ನಕಿಲ್ಲ. ಕೋರ್ಟ್‌ನಾಗೆ ಹೇಳಿದ್ರಲ್ಲ, ಆ ಸುಳ್ಳು ಯಾರ್ ಕೇಳಿದ್ರು?"

ನನ್ನ ಬಳಿ ಉತ್ತರವಿತ್ತು. ಸಂಬಳ ಕೇಳಿತು, ಪೆನ್ಷನ್ ಕೇಳಿತು, ಮರಳೂರಿನ ಮನೆ ಬಾಡಿಗೆ ಕೇಳಿತು. ಅದನ್ನು ಹೇಳುವ ಬದಲು ವಾರೆಂಟಿನ ಹಿಂಬದಿಯಲ್ಲಿ ಅವಳು ಸಹಿ ಮಾಡಬೇಕಾದ ಜಾಗವನ್ನು ಬೆರಳಲ್ಲಿ ತೋರಿಸಿದೆ. ಅವಳು ಗೋಡೆಗೆ ಕಾಗದ ಒತ್ತಿಕೊಂಡು ನಿಧಾನವಾಗಿ ಸಹಿ ಮಾಡಿ, ಪೆನ್ನು ವಾಪಸು ಕೊಟ್ಟು, ಆಟೋ ಹತ್ತಿದಳು.

ಕಂಪನಿಯವನಿಗೆ ಬೀಗದ ಕೈ ಕೊಟ್ಟೆ. ಖಾಲಿ ಗಿರಣಿಯ ಕಟ್ಟೆಯ ಮೇಲೆ ಕೂತು ವರದಿ ಬರೆದೆ: ಸ್ವತ್ತನ್ನು ಖಾಲಿ ಮಾಡಿಸಿ, ಯಾವುದೇ ಅಡ್ಡಿ ಆತಂಕವಿಲ್ಲದೆ ಖರೀದಿದಾರರ ಸ್ವಾಧೀನಕ್ಕೆ ಕೊಡಲಾಯಿತು. ಇನ್ನೊಮ್ಮೆ ಓದಿ ನೋಡಿದೆ. ಅದರಲ್ಲಿ ಒಂದಕ್ಷರವೂ ಸುಳ್ಳಿರಲಿಲ್ಲ.